ಖರೆ ಬಾಬು ಮನೆಯ ಸೈಕಲ್ ಭತ್ಯೆ

ತುಟ್ಟಿಭತ್ಯೆ ಏರಿತೆಂದು ಟೀವಿಯಲ್ಲಿ ಸುದ್ದಿ ಬಂದರೆ ಸಾಕು, ಖರೆ ಬಾಬುಗಳ ಮನೆಯ ಕಟ್ಟೆಯ ಮೇಲೆ ಹಬ್ಬ. ಶಾಲೆಯವರು, ರೈಲ್ವೆಯವರು, ಟೆಲಿಫೋನಿನವರು ಎಲ್ಲರೂ ಸಂಬಳದ ಚೀಟಿ ಮಡಚಿ ಜೇಬಿನಲ್ಲಿಟ್ಟುಕೊಂಡು ಬರುತ್ತಿದ್ದರು. ಗ್ವಾಲಿಯರ್‌ನ ಸರ್ಕಾರಿ ಕಚೇರಿಯೊಂದರಲ್ಲಿ ಇಡೀ ನೌಕರಿಯನ್ನು ಸಂಬಳದ ಬಿಲ್ಲು ಬರೆಯುವುದರಲ್ಲೇ ಕಳೆದು, ನಿವೃತ್ತರಾಗಿ ಈ ಸಣ್ಣ ಊರಿಗೆ ಬಂದು ನೆಲೆಸಿದವರು ಗಿರಿಜಾಶಂಕರ ಖರೆ. ಖರೆ ಎನ್ನುವುದು ಅವರ ಮನೆತನದ ಹೆಸರು. ಕನ್ನಡದ ಕಿವಿಗೆ ಅದು 'ನಿಜ' ಎಂದು ಕೇಳಿಸಿದರೂ ತಪ್ಪೇನಿಲ್ಲ. ಲೆಕ್ಕದ ವಿಷಯದಲ್ಲಿ ಮನುಷ್ಯ ಹೆಸರಿಗೆ ತಕ್ಕ ಹಾಗೇ ಇದ್ದರು. ಬರಬೇಕಾದ್ದರಲ್ಲಿ ಒಂದು ರೂಪಾಯಿಯನ್ನೂ ಬಿಡಗೊಡುತ್ತಿರಲಿಲ್ಲ, ಬರಬಾರದ್ದರಲ್ಲಿ ಒಂದು ರೂಪಾಯಿಯನ್ನೂ ಇಟ್ಟುಕೊಳ್ಳಗೊಡುತ್ತಿರಲಿಲ್ಲ. ಸಲಹೆಯ ಶುಲ್ಕ ಒಂದು ಬಿಸಿ ಕಚೋರಿ.

ಏಪ್ರಿಲ್ ಮೊದಲ ವಾರದ ಆ ಸಂಜೆಯೂ ಕಟ್ಟೆ ತುಂಬಿತ್ತು. ಶಾಲೆಯ ಮೇಷ್ಟ್ರೊಬ್ಬರು ತಮ್ಮ ಹಿಂಬಾಕಿ ಕಡಿಮೆ ಬಂದಿದೆಯೆಂದು ಗೋಳಾಡುತ್ತಿದ್ದರು. ಖರೆ ಬಾಬು ಚೀಟಿಯ ಮೇಲೆ ಕಣ್ಣಾಡಿಸಿ ಕಚೋರಿ ಮುರಿದರು.

"ಮೇಷ್ಟ್ರೇ, ಮೂಲವೇತನದ ಮೇಲೆ ಮೂರು ಪರ್ಸೆಂಟ್ ಹಾಕಿದ್ದಾರೆ, ಸರಿ. ಆದ್ರೆ ಸಾರಿಗೆ ಭತ್ಯೆ ಮೇಲೂ ತುಟ್ಟಿಭತ್ಯೆ ಏರುತ್ತೆ. ಅದನ್ನ ಹಾಕೇ ಇಲ್ಲ ನೋಡಿ. ನಾಳೆ ಅರ್ಜಿ ಕೊಡಿ, ನಾನು ಬರ್ಕೊಡ್ತೀನಿ."

"ನಿಮ್ಮ ಕಣ್ಣಿಗೆ ಇರುವೆ ಹೆಜ್ಜೆನೂ ಕಾಣುತ್ತೆ ಬಿಡಿ," ಎಂದರು ಪಕ್ಕದಲ್ಲಿ ಕೂತಿದ್ದ ತಿವಾರಿ. ರೈಲಿನ ಗಾರ್ಡ್ ಆಗಿ ನಿವೃತ್ತರಾದ ತಿವಾರಿ ದಿನವೂ ಬರುವವರು. ಅವರ ಪಿಂಚಣಿಯಲ್ಲಿ ಯಾವ ಲೋಪವೂ ಇರಲಿಲ್ಲ; ಕಚೋರಿಗಾಗಿ ಬರುತ್ತಿದ್ದರು.

ಅಷ್ಟರಲ್ಲಿ ಬೀದಿಯ ತುದಿಯಲ್ಲಿ ಸುರಭಿ ಕಾಣಿಸಿದಳು. ಖರೆ ಬಾಬುಗಳ ಸೊಸೆ. ಖಾಕಿ ಸಲ್ವಾರು, ಹೆಗಲಲ್ಲಿ ಟಪಾಲಿನ ಚೀಲ, ಬೀದಿಗೆ ತಿರುಗಿದ ಕೂಡಲೇ ತಲೆಯ ಮೇಲೆ ಎಳೆದುಕೊಂಡ ದುಪಟ್ಟಾ. ಪರೀಕ್ಷೆ ಬರೆದು, ಕಳೆದ ಆಗಸ್ಟ್‌ನಲ್ಲಿ ಅಂಚೆಗೆ ಸೇರಿದವಳು. ಹುದ್ದೆಯ ಹೆಸರು ಇವತ್ತಿಗೂ ಪೋಸ್ಟ್‌ಮನ್. ಸ್ವಲ್ಪ ಕುಂಟುತ್ತಿದ್ದಳು.

"ನೋಡಿ, ಮನೆತನ ಅಂದ್ರೆ ಇದು," ತಿವಾರಿ ದನಿ ತಗ್ಗಿಸಿದರು. "ಸರ್ಕಾರಿ ನೌಕರಿ ಇದ್ರೂ ತಲೆ ಬಗ್ಗಿಸಿ ನಡ್ಕೊಂಡು ಹೋಗ್ತಾಳೆ, ನಡ್ಕೊಂಡು ಬರ್ತಾಳೆ. ಆ ಚೌಬೆ ಮಗಳಿದಾಳಲ್ಲ, ಸ್ಕೂಟರ್ ಮೇಲೆ ಬಿರುಗಾಳಿ. ಹೆಣ್ಣುಮಕ್ಕಳ ಕಾಲಿಗೆ ಚಕ್ರ ಕಟ್ಟಿದ್ರೆ ಮನೆ ನಿಲ್ಲುತ್ತೇನ್ರಿ?"

ಖರೆ ಬಾಬು ಉಬ್ಬಿದರು. ಮದುವೆಯಾದ ಹೊಸದರಲ್ಲಿ ಸೊಸೆಯ ಸಾಮಾನಿನ ಜೊತೆ ತವರಿನಿಂದ ಒಂದು ಹಸಿರು ಸೈಕಲ್ಲೂ ಬಂದಿತ್ತು. "ಖರೆ ಮನೆ ಸೊಸೆ ಪೆಡಲ್ ತುಳೀತಾ ಬೀದೀಲಿ ಹೋಗೋದು ಬೇಡ" ಎಂದು ಆಗಲೇ ಹೇಳಿದ್ದರು. ನೌಕರಿಗೆ ಮಾತ್ರ ತಕರಾರು ಮಾಡಿರಲಿಲ್ಲ. ಸರ್ಕಾರಿ ವೇತನಶ್ರೇಣಿಯ ಹೆಸರು ಕೇಳಿದರೆ ಅವರ ಮನಸ್ಸು ಬೆಣ್ಣೆಯಾಗುತ್ತಿತ್ತು. ಸೈಕಲ್ ಮಾತ್ರ ಹಿಂದಿನ ಕೋಣೆಯಲ್ಲಿ, ಹಳೆಯ ಜಮಖಾನೆ ಹೊದ್ದು, ಗೋಧಿಯ ಡಬ್ಬಗಳ ಹಿಂದೆ ನಿಂತುಬಿಟ್ಟಿತ್ತು. ಮಗ ಆಲೋಕ ಝಾನ್ಸಿಯಲ್ಲಿ ಕೆಲಸಕ್ಕಿದ್ದು ತಿಂಗಳಿಗೊಮ್ಮೆ ಬರುವವನು. ಅಪ್ಪನ ಎದುರು ಬಾಯಿ ಬಿಟ್ಟವನಲ್ಲ.

ಜನ ಕರಗಿದ ಮೇಲೆ ಖರೆ ಬಾಬು ಒಳಗೆ ಬಂದರು. ಸುರಭಿ ಅಂಗಳದಲ್ಲಿ ಉಪ್ಪುನೀರಿನ ಬೋಗುಣಿಯಲ್ಲಿ ಕಾಲಿಟ್ಟು ಕೂತಿದ್ದಳು. ಮಾವನನ್ನು ಕಂಡು ಏಳಹೋದಳು. ಅತ್ತೆ ವಿದ್ಯಾವತಿ ಅವಳ ಭುಜ ಒತ್ತಿ ಕೂರಿಸಿದರು.

"ಕೂತ್ಕೋ. ನೀರು ಆರುತ್ತೆ." ಆಮೇಲೆ ಗಂಡನ ಕಡೆ ತಿರುಗಿದರು. "ನಿಮ್ಮ ಹತ್ರ ಒಂದು ಮಾತಾಡಬೇಕು. ಇವಳ ಪೋಸ್ಟ್‌ಮಾಸ್ಟರು ಮುಂದಿನ ತಿಂಗಳಿಂದ ನದಿ ಆಚೆ ಮೂರು ಹಳ್ಳಿನೂ ಇವಳಿಗೇ ಹಚ್ಚಿದಾರಂತೆ. ನಡ್ಕೊಂಡು ಆಗೋ ಮಾತಲ್ಲ. ಸೈಕಲ್ ಇದ್ರೆ ಸರಿ, ಇಲ್ದಿದ್ರೆ ಬೇರೆ ಯಾರನ್ನಾದ್ರೂ ನೋಡ್ಕೋಬೇಕಾಗುತ್ತೆ ಅಂದಿದಾರೆ. ಇನ್ನೂ ಕೆಲಸ ಖಾಯಂ ಆಗಿಲ್ಲ ಇವಳದ್ದು. ಸೋಮವಾರ ಉತ್ತರ ಹೇಳಬೇಕು."

"ಬಸ್ಸಿಲ್ವಾ?"

"ಒಂದಿದೆ ಬಾಬೂಜಿ," ಎಂದಳು ಸುರಭಿ. "ಅದಕ್ಕೆ ಮನಸ್ಸು ಬಂದ ದಿನ ಬರುತ್ತೆ."

ಖರೆ ಬಾಬುಗಳಿಗೆ ನಗು ಬಂತು, ಮೀಸೆಯಡಿಯಲ್ಲೇ ತಡೆದರು. "ನೋಡೋಣ. ನೌಕರಿ ದೊಡ್ಡದೇ, ಆದ್ರೆ ಮರ್ಯಾದೆ ಅದಕ್ಕಿಂತ ದೊಡ್ಡದು. ಹಾಗೂ ಆಗದಿದ್ರೆ ಬಿಟ್ರಾಯ್ತು. ಮನೇಲಿ ಅನ್ನಕ್ಕೇನು ಬರ ಇಲ್ಲ."

ಸುರಭಿ ಬೋಗುಣಿಯ ನೀರನ್ನೇ ನೋಡುತ್ತಿದ್ದಳು. ವಿದ್ಯಾವತಿ ಮಾತ್ರ ಚಹದ ಲೋಟವನ್ನು ಗಂಡನ ಮುಂದೆ ಕೊಂಚ ಜೋರಾಗಿಯೇ ಇಟ್ಟರು.

"ಸರಿ, ಬಿಡ್ಲಿ. ಬಿಡೋದಕ್ಕೆ ಮುಂಚೆ ಇವಳ ಸಂಬಳದ ಚೀಟಿನಾದ್ರೂ ಒಂದ್ಸಲ ನೋಡಿ. ಊರವರದ್ದೆಲ್ಲ ನೋಡ್ತೀರಿ. ನಮ್ಮನೇಲಿ ದೀಪದ ಬುಡದಲ್ಲೇ ಕತ್ತಲೆ."

"ಸೊಸೆ ಸಂಬಳ ಮಾವ ನೋಡಬಾರದು ಆಲೋಕನ ಅಮ್ಮ."

"ನಾನೇ ತೋರಿಸ್ತಿದೀನಲ್ಲ ಬಾಬೂಜಿ," ಎಂದು ಸುರಭಿ ಚೀಲದಿಂದ ಚೀಟಿ ತೆಗೆದುಕೊಟ್ಟಳು.

ಚೀಟಿ ಕೈಗೆ ಬಂದದ್ದೇ ಖರೆ ಬಾಬುಗಳ ಮುಖ ಅರಳಿತು. ಕನ್ನಡಕ ಏರಿತು, ಪೆನ್ಸಿಲ್ ಕಿವಿಯಿಂದ ಇಳಿಯಿತು. "ಮೂಲವೇತನ ಇಪ್ಪತ್ತೊಂದು ಸಾವಿರದ ಏಳ್ನೂರು. ಅದರ ಮೇಲೆ ಮೂರು ಪರ್ಸೆಂಟ್, ಆರುನೂರ ಐವತ್ತೊಂದು. ಸಾರಿಗೆ ಭತ್ಯೆ ಮೇಲೆ ಐವತ್ನಾಲ್ಕು. ತಿಂಗಳಿಗೆ ಏಳ್ನೂರ ಐದು, ಮೂರು ತಿಂಗಳ ಹಿಂಬಾಕಿ ಎರಡು ಸಾವಿರದ ನೂರ ಹದಿನೈದು. ಭೇಷ್! ಸರಿಯಾಗಿ ಹಾಕಿದಾರೆ. ಮನೆ ಬಾಡಿಗೆ ಭತ್ಯೆ... ಸರಿ. ಡ್ರೆಸ್ಸಿಂದು ಜುಲೈನಲ್ಲಿ ಬರುತ್ತೆ. ಎಂಥ ಚೊಕ್ಕ ಚೀಟಿ ನೋಡು! ಈ ಬಿಲ್ಲು ಬರೆದವನ ಕೈಗೆ ಕಡಗ ತೊಡಿಸಬೇಕು, ಚಿನ್ನದ್ದು!"

ಪೆನ್ಸಿಲ್ ಇನ್ನೊಂದು ಸಾಲಿಗೆ ಇಳಿದು ಅಲ್ಲೇ ನಿಂತಿತು.

"ಇದೇನಿದು?"

"ಯಾವುದು ಬಾಬೂಜಿ?"

"ಸೈಕಲ್ ಭತ್ಯೆ. ನೂರ ಎಂಬತ್ತು."

ಖರೆ ಬಾಬು ಎದ್ದೇಬಿಟ್ಟರು.

"ಸೈಕಲ್ ತುಳಿಯದೆ ಸೈಕಲ್ ಭತ್ಯೆ! ನನ್ನ ಮನೇಲಿ! ಎಂಟು ತಿಂಗಳು, ಸಾವಿರದ ನಾನೂರ ನಲವತ್ತು ರೂಪಾಯಿ ಸರ್ಕಾರದ ದುಡ್ಡು! ನಾನು ಮೂರು ಜನ ಸಾಹೇಬರ ಭತ್ಯೆ ನಿಲ್ಲಿಸಿದವನು. ನಿನಗೆ ನಿಯಮ ಗೊತ್ತಿಲ್ವಾ ಬಹೂ?"

"ಸೈಕಲ್ ಇದೆಯಲ್ಲ ಬಾಬೂಜಿ, ಹಿಂದಿನ ಕೋಣೇಲಿ."

"ಇದ್ರೆ ಸಾಲದು! ಸುಸ್ಥಿತೀಲಿರಬೇಕು, ಕರ್ತವ್ಯಕ್ಕೆ ಬಳಸ್ತಿರಬೇಕು. ಬಳಸದ ತಿಂಗಳಿಗೆ ಭತ್ಯೆ ಇಲ್ಲ. ಇದು ನಿಯಮ."

"ಗೊತ್ತು ಬಾಬೂಜಿ. ಎಲ್ಲ ಪೋಸ್ಟ್‌ಮನ್‌ಗಳ ಹೆಸರಿಗೂ ಒಟ್ಟಿಗೇ ಹಾಕಿಬಿಟ್ಟಿದ್ರು. ಮೊದಲ ತಿಂಗಳೇ ನಿಲ್ಲಿಸಿ ಅಂತ ಹೇಳ್ದೆ. ಅರ್ಜಿ ಕೊಡಿ, ಅದರಲ್ಲಿ ಸೈಕಲ್ ಇದ್ದೂ ಯಾಕೆ ಬಳಸ್ತಿಲ್ಲ ಅಂತ ಕಾರಣ ಬರೀರಿ ಅಂದ್ರು. ಆ ದುಡ್ಡು ಮುಟ್ಟಿಲ್ಲ, ಬೇರೆ ಕವರಲ್ಲಿ ಇಟ್ಟಿದೀನಿ."

"ಮತ್ತೆ ಅರ್ಜಿ ಕೊಡೋದಕ್ಕೇನು ಧಾಡಿ?"

ಸುರಭಿ ತಲೆ ಎತ್ತಿದಳು. ಕಣ್ಣಿನಲ್ಲಿ ಭಯವಿರಲಿಲ್ಲ. ಒಂದಿಷ್ಟು ತುಂಟತನವಿತ್ತು, ಅದರ ಹಿಂದೆ ದಣಿವೂ ಇತ್ತು. "ಕಾರಣ ಏನಂತ ಬರೀಬೇಕೋ ತಿಳೀಲಿಲ್ಲ. ನೀವು ಊರಿಗೆಲ್ಲ ಅರ್ಜಿ ಬರ್ಕೊಡ್ತೀರಿ. ನಂದೂ ಒಂದು ಬರ್ಕೊಡಿ."

"ಅಷ್ಟೇ ತಾನೆ! ಕಾಗದ ತಾ."

ಅರ್ಜಿಯ ತಲೆಬರಹ, ಮಾನ್ಯರೇ, ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ... ಇಲ್ಲಿಯವರೆಗೆ ಖರೆ ಬಾಬುಗಳ ಪೆನ್ನು ಇಳಿಜಾರಿನ ನೀರಿನಂತೆ ಓಡಿತು. 'ಕಾರಣ' ಎಂಬಲ್ಲಿ ತಡವರಿಸಿತು. 'ಅನಿವಾರ್ಯ ಕೌಟುಂಬಿಕ ಕಾರಣಗಳಿಂದ' ಎಂದು ಬರೆದರು. ಬರೆದವರೇ ಹೊಡೆದು ಹಾಕಿದರು. ನೌಕರಿಯಲ್ಲಿದ್ದಾಗ ಆ ಮಾತು ಕಂಡಲ್ಲೆಲ್ಲ ಕೆಂಪು ಶಾಯಿಯಲ್ಲಿ 'ಯಾವ ಕಾರಣ? ಸ್ಪಷ್ಟಪಡಿಸಿ' ಎಂದು ಬರೆದು ವಾಪಸು ಕಳಿಸಿದ ಕೈ ಅದು.

'ಉದ್ಯೋಗಿಗೆ ಸೈಕಲ್ ತುಳಿಯಲು ಬಾರದ ಕಾರಣ' ಎಂದು ಬರೆಯಬಹುದಿತ್ತು. "ನಿನಗೆ ಬರುತ್ತಾ?" ಎಂದು ಕೇಳಿದರು.

"ಕಾಲೇಜಿಗೆ ಮೂರು ವರ್ಷ ಅದರಲ್ಲೇ ಹೋಗಿದೀನಿ ಬಾಬೂಜಿ. ಟ್ಯೂಷನ್ ಹೇಳಿ ಕೂಡಿಟ್ಟ ದುಡ್ಡಲ್ಲಿ ತಗೊಂಡಿದ್ದು."

ಸುಳ್ಳಂತೂ ಆಗದು. 'ಹಿರಿಯರ ಅನುಮತಿ ಇಲ್ಲದ ಕಾರಣ' ಎಂದು ಬರೆದರು. ಮೇಲಧಿಕಾರಿಯ ಕಣ್ಣಿನಿಂದ ಅದನ್ನು ಓದಿದರು. ಯಾವ ಹಿರಿಯರು? ಅನುಮತಿ ಯಾಕಿಲ್ಲ? ಸೈಕಲ್ ಇದೆ, ತುಳಿಯಲು ಬರುತ್ತದೆ, ಕೆಲಸಕ್ಕೆ ಬೇಕು, ಸರ್ಕಾರ ದುಡ್ಡೂ ಕೊಡುತ್ತಿದೆ. ಮತ್ತೆ ಅಡ್ಡಿ ಏನು? ನಿಯಮದ ಹತ್ತಿರ ಅದಕ್ಕೆ ಉತ್ತರವಿರಲಿಲ್ಲ. ಇದ್ದ ಉತ್ತರ ಒಂದೇ, ಅದು ಕಟ್ಟೆಯ ಮೇಲೆ ಕಚೋರಿ ತಿನ್ನುವವರ ಮಾತು. ಅದನ್ನು ಕಾಗದದ ಮೇಲೆ ಬರೆಯಲು ಖರೆ ಬಾಬುಗಳಿಗೆ ನಿಜವಾಗಿ ನಾಚಿಕೆಯಾಯಿತು. ಪೆನ್ನಿನ ಟೋಪಿ ಹಾಕಿ ತಲೆ ತಗ್ಗಿಸಿದರು.

ಎದುರಿಗೆ ಸೊಸೆಯ ಪಾದಗಳಿದ್ದವು. ಹಿಮ್ಮಡಿಯಲ್ಲಿ ಬೊಬ್ಬೆಗಳು ಎದ್ದು ಒಡೆದು ಮತ್ತೆ ಎದ್ದಿದ್ದವು. ಇಷ್ಟು ತಿಂಗಳೂ ಅವು ಅಲ್ಲೇ ಇದ್ದವು. ಇರುವೆಯ ಹೆಜ್ಜೆ ಕಾಣುವ ಕಣ್ಣಿಗೆ ಕಂಡಿರಲಿಲ್ಲ.

"ನೀವು ಮೂವತ್ತು ವರ್ಷ ಸೈಕಲ್ ಮೇಲೆ ಆಫೀಸಿಗೆ ಹೋದ್ರಿ," ವಿದ್ಯಾವತಿ ಅವರೆಕಾಯಿ ಬಿಡಿಸುತ್ತ ಯಾರಿಗೋ ಹೇಳುವ ಹಾಗೆ ಹೇಳಿದರು. "ಮದುವೆ ಆದ ವರ್ಷ ನನಗೂ ಕಲಿಸಿ ಅಂದಿದ್ದೆ. ಬಿದ್ದು ಕಾಲು ಮುರ್ಕೋತೀಯ ಅಂದ್ರಿ. ಈಗ ನೋಡಿ, ಬೀಳದೇನೇ ಮಂಡಿ ಹೋಯ್ತು."

"ನೀನು ಕೇಳಿದ್ದೆಯಾ? ನನಗೆ ನೆನಪೇ ಇಲ್ಲ."

"ನಿಮಗೆ ಯಾಕೆ ನೆನಪಿರುತ್ತೆ? ಕೇಳಿದೋಳು ನಾನಲ್ವಾ?"

ಖರೆ ಬಾಬು ಅರ್ಧ ಬರೆದ ಅರ್ಜಿಯನ್ನು ಮಡಚಿ ಜೇಬಿಗಿಟ್ಟುಕೊಂಡರು. ಆ ಸಂಜೆ ಊಟಕ್ಕೆ ಕೂತಾಗ ಎರಡು ರೊಟ್ಟಿ ಕಡಿಮೆ ತಿಂದರು.

ಮರುದಿನ ಭಾನುವಾರ. ಬೆಳಿಗ್ಗೆ ಹಿಂದಿನ ಕೋಣೆಯಲ್ಲಿ ಡಬ್ಬಗಳು ಉರುಳುವ ಸದ್ದಿಗೆ ಅತ್ತೆ ಸೊಸೆ ಇಬ್ಬರೂ ಓಡಿ ಬಂದರು. ಖರೆ ಬಾಬು ಮೈಯೆಲ್ಲ ಗೋಧಿಯ ಧೂಳಾಗಿ, ಹಸಿರು ಸೈಕಲ್ಲಿನ ಹ್ಯಾಂಡಲ್ ಹಿಡಿದು ನಿಂತಿದ್ದರು.

"ಸುಸ್ಥಿತೀಲಿಲ್ಲ," ಎಂದರು ಗಂಭೀರವಾಗಿ. "ಎರಡು ಟೈರೂ ಹೋಗಿದೆ. ರಿಪೇರಿ ಆಗಬೇಕು."

"ನಾನು ತಗೊಂಡು ಹೋಗ್ತೀನಿ ಬಾಬೂಜಿ!"

"ನೀನು ಕಾಲಿಗೆ ಔಷಧಿ ಹಚ್ಕೋ. ನಿಲ್ಲಿಸಿದವನು ನಾನು, ನಾನೇ ಹೋಗ್ತೀನಿ."

ಅವರು ಆ ಸೈಕಲ್ ತಳ್ಳಿಕೊಂಡು ಬೀದಿಗುಂಟ ಹೊರಟರು. ಮುಂದಿನ ಬುಟ್ಟಿಯ ಮೇಲೆ ಪ್ಲಾಸ್ಟಿಕ್ಕಿನ ಎರಡು ಗುಲಾಬಿ ಇದ್ದವು, ಹಿಂದಿನ ಚಕ್ರ ಕೀಂಯ್ ಎನ್ನುತ್ತಿತ್ತು. ರಿಪೇರಿ ಅಂಗಡಿಯ ಪಕ್ಕದಲ್ಲೇ ಹಲವಾಯಿಯ ಮಿಠಾಯಿ ಅಂಗಡಿ. ಭಾನುವಾರದ ಜಿಲೇಬಿಗೆ ಇಡೀ ಕಟ್ಟೆಯ ಪರಿವಾರ ಅಲ್ಲಿ ನೆರೆದಿತ್ತು.

"ಏನು ಖರೆ ಬಾಬು," ತಿವಾರಿ ಕೂಗಿದರು, "ಈ ವಯಸ್ಸಲ್ಲಿ ಹೆಂಗಸರ ಸೈಕಲ್ ಕಲೀತೀರಾ?"

"ನನ್ನ ಸೊಸೇದು. ನಾಳೆಯಿಂದ ಇದರಲ್ಲೇ ಟಪಾಲು ಬಟವಾಡೆ."

ಜಿಲೇಬಿ ತಿನ್ನುತ್ತಿದ್ದ ಬಾಯಿಗಳು ನಿಂತವು. ಖರೆ ಬಾಬು ಗಂಟಲು ಸರಿಮಾಡಿಕೊಂಡರು. "ಭತ್ಯೆ ಬರ್ತಿದೆ. ಭತ್ಯೆ ಬಂದ ಮೇಲೆ ಬಳಸಲೇಬೇಕು, ನಿಯಮ."

"ಅಯ್ಯೋ, ಎಷ್ಟು ಮಹಾ ಬರುತ್ತೆ? ನೂರ ಎಂಬತ್ತಲ್ವಾ? ಬೇಡ ಅಂತ ಬರ್ದುಕೊಟ್ರೆ ಮುಗೀತು," ಎಂದರು ತಿವಾರಿ. "ಅಷ್ಟಕ್ಕೆ ಮನೆ ಮರ್ಯಾದೆ ಬೀದಿಗೆ ಬಿಡ್ತೀರಾ?"

ನಿಯಮದ ಕೊಡೆ ಅಲ್ಲಿಗೆ ಮಡಚಿಕೊಂಡಿತು. ಇನ್ನು ತಾವೇ ನೆನೆಯಬೇಕು. ಖರೆ ಬಾಬು ಸೈಕಲ್ಲಿಗೆ ಸ್ಟ್ಯಾಂಡ್ ಹಾಕಿ ತಿರುಗಿ ನಿಂತರು.

"ಬೇಡ ಅಂತ ಬರೆಯೋಕೆ ನಿನ್ನೆ ಕೂತಿದ್ದೆ ತಿವಾರಿ. ಕಾರಣ ಏನಂತ ಬರೀಬೇಕೋ ತೋಚಲಿಲ್ಲ. ನಿಮಗೆ ತೋಚಿದ್ರೆ ಹೇಳಿ, ಈಗಲೇ ಬರೀತೀನಿ. ನಮ್ಮ ಹುಡುಗಿ ದಿನಾ ಅಷ್ಟು ದೂರ ನಡೆದು ಕಾಲು ಸುಲಿಸಿಕೊಂಡು, ನಿಮ್ಮ ಪಿಂಚಣಿ ಕಾಗದ ಮನೆ ಬಾಗಿಲಿಗೆ ತಂದುಕೊಡ್ತಾಳೆ. ಅವಳು ಕುಂಟಿದ್ರೆ ನಮ್ಮ ಮರ್ಯಾದೆ ಉಳಿಯುತ್ತೆ, ಸೈಕಲ್ ಮೇಲೆ ಕೂತು ಹೋದ್ರೆ ಹೋಗುತ್ತೆ. ಇದನ್ನ ಅರ್ಜೀಲಿ ಹೇಗೆ ಬರೆಯೋದು?"

ತಿವಾರಿ ಏನೋ ಹೇಳಹೊರಟು, ಜಿಲೇಬಿಯ ಕಡೆ ನೋಡಿ, ಅದನ್ನೇ ಬಾಯಿಗಿಟ್ಟುಕೊಂಡರು. ಅದನ್ನು ನುಂಗಿ, "ಹಿಂದಿನ ಚಕ್ರಕ್ಕೆ ಎಣ್ಣೆ ಹಾಕಿಸಿ ಮತ್ತೆ. ಊರಿಗೆಲ್ಲ ಕೇಳ್ತಿದೆ" ಎಂದರು. ಅವರ ಮಟ್ಟಿಗೆ ಅದು ಒಪ್ಪಿಗೆಯೇ.

ಸೋಮವಾರ ಬೆಳಿಗ್ಗೆ ಸುರಭಿ ಚೀಲ ಏರಿಸಿಕೊಂಡು ಅಂಗಳಕ್ಕೆ ಬಂದಾಗ ಸೈಕಲ್ ಒರೆಸಿ ನಿಲ್ಲಿಸಿಯಾಗಿತ್ತು. ವಿದ್ಯಾವತಿ ಹ್ಯಾಂಡಲ್ಲಿಗೆ ಕುಂಕುಮ ಹಚ್ಚಿ, ಗಂಟೆಯನ್ನು ಮಗುವಿನ ಹಾಗೆ ಎರಡೆರಡು ಸಲ ಬಾರಿಸಿ ನೋಡಿದರು.

"ಇವಳು ಸಂಜೆ ಬಂದ ಮೇಲೆ ನನಗೂ ಕಲಿಸಲಿ," ಎಂದರು.

"ಮಂಡಿ?"

"ಹೇಗೂ ಹೋಗಿದೆಯಲ್ಲ!"

ಖರೆ ಬಾಬು ನಕ್ಕು, ಜೇಬಿನಿಂದ ಒಂದು ಲಕೋಟೆ ತೆಗೆದು ಸೊಸೆಯ ಕೈಗಿಟ್ಟರು. ಲಕೋಟೆಯಲ್ಲಿ ಅರ್ಜಿಯೂ ಇತ್ತು, ಸರ್ಕಾರಕ್ಕೆ ಮರಳಿಸಬೇಕಾದ ದುಡ್ಡೂ ಇತ್ತು.

"ನಿನ್ನ ಕವರ್ ನೀನೇ ಇಟ್ಕೋ. ಇದು ನನ್ನ ಪಿಂಚಣೀದು. ನಷ್ಟ ಯಾರಿಂದ ಆಯ್ತೋ ಅವನಿಂದಲೇ ವಸೂಲಿ ಆಗಬೇಕು. ಅದೂ ನಿಯಮಾನೇ."

ಸುರಭಿ ಅಲ್ಲೇ ನಿಂತು ಅರ್ಜಿ ಓದಿದಳು. ಓದುತ್ತ ಓದುತ್ತ ಅವಳ ಕಣ್ಣು ತುಂಬಿತು, ಕೊನೆಗೆ ನಗು ತಡೆಯಲಾಗಲಿಲ್ಲ.

"ಬಾಬೂಜಿ, ಇದನ್ನ ಹೀಗೇ ಕೊಡಲಾ?"

"ಹೀಗೇ ಕೊಡು. ಅರ್ಜೀಲಿ ಸುಳ್ಳು ಬರೀಬಾರದು."

ಅವಳು ಬಾಗಿ ಮಾವನ ಪಾದ ಮುಟ್ಟಿ, ದುಪಟ್ಟಾವನ್ನು ಸೊಂಟಕ್ಕೆ ಬಿಗಿದು, ಸೈಕಲ್ ಏರಿದಳು. ಕಟ್ಟೆಯ ಮುಂದೆ ಹಾಯುವಾಗ ಬೇಕೆಂದೇ ಉದ್ದಕ್ಕೆ ಗಂಟೆ ಬಾರಿಸಿದಳು. ಆ ಮಧ್ಯಾಹ್ನ ಪೋಸ್ಟ್‌ಮಾಸ್ಟರು ಅರ್ಜಿಯನ್ನು ಎರಡು ಸಲ ಓದಿ, ಕನ್ನಡಕ ತೆಗೆದು ಒರೆಸಿಕೊಂಡರಂತೆ. ಅದರಲ್ಲಿ ಬರೆದಿದ್ದುದು ಇಷ್ಟೇ: 'ಎಂಟು ತಿಂಗಳು ಸೈಕಲ್ ಬಳಸದಿರಲು ಕಾರಣ, ಉದ್ಯೋಗಿಯ ಮಾವನ ಹಠ. ಸದರಿ ಹಠವು ಈಗ ನಿವಾರಣೆಯಾಗಿದ್ದು, ಭತ್ಯೆಯನ್ನು ಮುಂದುವರಿಸಬಹುದು.' ಕೆಳಗೆ ದುಂಡಗಿನ ಅಕ್ಷರದಲ್ಲಿ ಮಾವನ ಸಹಿ: ಖರೆ.