ಕೃಷ್ಣವ್ವನ ಮನೆಯ ರೊಟ್ಟಿ

ಬೈಲಹೊಂಗಲದ ಒಂದು ಕಾಲೇಜಿನಲ್ಲಿ ಸಮಾಜಶಾಸ್ತ್ರ ಕಲಿಸುತ್ತಿದ್ದ ಮಹಾದೇವ ಕೆಟ್ಟ ಮನುಷ್ಯನಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಮುಂದೆ ನೀವು ಅವನನ್ನು ಬೈಯುವಾಗ ನೆನಪಿರಲಿ. ಸಿರಸಂಗಿಯ ಸಂಗಪ್ಪ ಸಾವಕಾರರ ಒಬ್ಬನೇ ಮಗ. ನಲವತ್ತು ಎಕರೆ ಎರೆಹೊಲ. ಮನಸ್ಸು ಮಾಡಿದ್ದರೆ ಕಟ್ಟೆಯ ಮೇಲೆ ಕೂತು ಎಲೆ ಅಡಿಕೆ ಜಗಿಯುತ್ತ ಜೀವ ಸವೆಸಬಹುದಿತ್ತು. ಅದನ್ನು ಬಿಟ್ಟು ಧಾರವಾಡದಲ್ಲಿ ಎಂ.ಎ. ಓದಿ, ಮಾರ್ಕ್ಸ್‌ವಾದಿಯಾಗಿ, ಗಡ್ಡ ಬಿಟ್ಟುಕೊಂಡು ಬಂದಿದ್ದ. ಪ್ರತಿ ಭಾನುವಾರ ತನ್ನ ಬಾಡಿಗೆ ಕೋಣೆಯಲ್ಲಿ ಹುಡುಗರಿಗಾಗಿ ಒಂದು ಅಧ್ಯಯನ ಕೂಟ ನಡೆಸುತ್ತಿದ್ದ. ಅಲ್ಲಿ ಜಮಖಾನೆ ಅವನದು, ಚಹಾ ಅವನದು, ಮಾತೂ ಅವನದೇ.

"ಹೊಲಾ ಯಾರ ಕೈಯಾಗ ಐತಿ, ಮಷೀನ ಯಾರ ಕೈಯಾಗ ಐತಿ, ಅಷ್ಟ ನೋಡ್ರಿ," ಎನ್ನುತ್ತಿದ್ದ. "ಇದ್ದಾವ ಒಂದ ವರ್ಗ, ದುಡಿಯಾವ ಒಂದ ವರ್ಗ. ಈ ಜಾತಿ ಗೀತಿ ಅಂಬೂದೆಲ್ಲಾ ಗ್ವಾಡಿ ಮ್ಯಾಲಿನ ಸುಣ್ಣ. ಗ್ವಾಡಿ ಬಿತ್ತಂದ್ರ ಸುಣ್ಣ ತಾನ ಉದರತೈತಿ."

ಶಿವಾನಿ ಎಂಬ ಹುಡುಗಿ ಒಮ್ಮೆ ಕೇಳಿಯೇಬಿಟ್ಟಳು. "ಮತ್ತ ನೀವ ಯಾವ ವರ್ಗರಿ ಸರ್? ನಿಮಗ ಹೊಲಾನೂ ಐತಿ, ಪಗಾರಾನೂ ಐತಿ."

"ನಾ ನನ್ನ ವರ್ಗಾ ಬಿಟ್ಟ ಬಂದಾವ," ಎಂದು ಮಹಾದೇವ ಗಡ್ಡ ನೇವರಿಸಿಕೊಂಡ. ಹುಡುಗರ ಕಣ್ಣು ಒದ್ದೆಯಾದವು. ಅವನ ಕಣ್ಣೂ ಒದ್ದೆಯಾದವು.

ಈ ಸುಖದಲ್ಲಿ ವರ್ಷಗಳು ಸಾಗಿದ್ದವು. ತೊಂಬತ್ತಾರನೆಯ ಇಸವಿಯಲ್ಲಿ ಅದೇ ವಿಭಾಗಕ್ಕೆ ಬಾಳು ಬಂದ.

ಬಾಳು ಸಹ ಸಿರಸಂಗಿಯವನೇ. ಊರ ಕೆಳಗಿನ ಓಣಿಯ, ಬೌದ್ಧರಾದ ಮನೆತನದವನು. ಅವನ ತಾಯಿ ಕೃಷ್ಣವ್ವ ಇದೇ ಮಹಾದೇವನ ಮನೆಯ ದನದ ಕೊಟ್ಟಿಗೆ ಬಳಿದು, ಹೊಲದಲ್ಲಿ ಕಳೆ ಕಿತ್ತು ಮಗನನ್ನು ಓದಿಸಿದ್ದಳು. ಬಾಳುವಿಗೆ ದೊಡ್ಡ ದನಿಯಿಲ್ಲ, ಗಡ್ಡವಿಲ್ಲ. ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು ಬಂದು, ಮನೆಯ ಸುದ್ದಿ ಹೇಳುವವನಂತೆ ಪಾಠ ಹೇಳುತ್ತಿದ್ದ.

"ಹೊಲಾ ಯಾರದು ಅಂತ ಕೇಳೂದು ಬರೋಬರಿನ ಐತಿ," ಎಂದು ಶುರು ಮಾಡಿದ. "ಆದ್ರ ಅದಷ್ಟ ಸಾಲಂಗಿಲ್ಲ ಅನ್ನಾವ್ರೂ ಅದಾರ. ರೊಕ್ಕದ ತಕ್ಕಡಿ ಬ್ಯಾರೆ, ಮಾನದ ತಕ್ಕಡಿ ಬ್ಯಾರೆ, ಅಧಿಕಾರದ ತಕ್ಕಡಿ ಬ್ಯಾರೆ ಅಂತಾರ ಅವರು. ನಮ್ಮೂರಾಗ ಲಗಮಪ್ಪ ಅಂತ ಒಬ್ಬಾವ ಅದಾನ. ಮಹಾದೇವ ಸರ್ ಅವರ ಜಾತಿ ಮಂದೀನ, ಖರೆ ಗೇಣ ಹೊಲಾ ಇಲ್ಲ. ಅವನೂ ಕೂಲಿ, ನಮ್ಮವ್ವನೂ ಕೂಲಿ. ಒಂದ ಸಾಲಿನ್ಯಾಗ ಹತ್ತಿ ಬಿಡಸ್ತಾರ. ಮಧ್ಯಾಹ್ನ ಬುತ್ತಿ ಬಿಚ್ಚೂ ಮುಂದ ಲಗಮಪ್ಪ ಎಲ್ಲಿ ಕುಂದರತಾನ, ನಮ್ಮವ್ವ ಎಲ್ಲಿ ಕುಂದರತಾಳ, ಅದನ್ನ ನೋಡ್ರಿ."

ತರಗತಿ ಗಪ್ಪಾಯಿತು. ಪಕ್ಕದ ಕೋಣೆಯಲ್ಲಿದ್ದ ಮಹಾದೇವನಿಗೆ ಆ ಮೌನ ಕೇಳಿಸಿತು. ತನ್ನ ಪಾಠಕ್ಕೆ ಹುಡುಗರು ಚಪ್ಪಾಳೆ ತಟ್ಟುತ್ತಿದ್ದರು, ನಗುತ್ತಿದ್ದರು. ಆದರೆ ಹೀಗೆ ಬಾಯಿ ಮುಚ್ಚಿ ಕೂತದ್ದು ಅವನಿಗೆ ನೆನಪಿಲ್ಲ.

ಅಂದಿನಿಂದ ಅವನಿಗೆ ಬಾಳುವಿನ ಬಿಳಿ ಅಂಗಿ ಕಂಡರೂ ಉರಿ, ಅವನ ಮೆಲುದನಿ ಕೇಳಿದರೂ ಉರಿ. "ಅದೆಲ್ಲಾ ಬಂಡವಾಳಶಾಹಿ ಪಂಡಿತರ ಲೆಕ್ಕಾಚಾರ. ಕೂಲಿಯವರನ್ನ ಒಡಿಯೂ ಹುನ್ನಾರ," ಎಂದು ಸ್ಟಾಫ್ ರೂಮಿನಲ್ಲಿ ಗೋಡೆಗೆ ಹೇಳಿದ. ಬಾಳು ನಕ್ಕು, "ಇರಬಹುದ್ರಿ ಸರ್," ಎಂದ. ಜಗಳಕ್ಕೂ ಸಿಗದ ಮನುಷ್ಯ! ಉರಿಯುವವನಿಗೆ ಇದಕ್ಕಿಂತ ದೊಡ್ಡ ಶಿಕ್ಷೆ ಬೇರೊಂದಿಲ್ಲ.

ಇಷ್ಟೇ ಆಗಿದ್ದರೆ ಇದು ಇಬ್ಬರು ಮಾಸ್ತರರ ಕಥೆಯಾಗುತ್ತಿತ್ತು. ಅಂಥವು ಪ್ರತಿ ಕಾಲೇಜಿನಲ್ಲೂ ಇರುತ್ತವೆ, ಬಿಡಿ. ಮಹಾದೇವನ ಕಿಚ್ಚಿಗೆ ಇನ್ನೂ ಹಳೆಯ ಬೇರಿತ್ತು.

ಚಿಕ್ಕವನಿದ್ದಾಗ ಅವನು ಬೆಳೆದದ್ದು ಕೃಷ್ಣವ್ವನ ಸೊಂಟದ ಮೇಲೆ. ಅವ್ವ ರಾಚವ್ವನಿಗೆ ಪೂಜೆ, ದಾಸೋಹ, ಆಳುಕಾಳಿನ ಗದ್ದಲ. ಮಗು ಅತ್ತರೆ ಹೊಲಕ್ಕೆ ಎತ್ತಿಕೊಂಡು ಹೋಗುವವಳು ಕೃಷ್ಣವ್ವ. ಸಂಜೆ ತಿರುಗಿ ತಂದು ಇಳಿಸಿದಾಗ ರಾಚವ್ವ ಮಗನ ಮೇಲೆ ನೀರು ಚಿಮುಕಿಸಿ ಒಳಗೆ ಕರೆದುಕೊಳ್ಳುತ್ತಿದ್ದಳು. ಆ ನೀರಿನ ಬಗ್ಗೆ ಮಹಾದೇವ ಆಗ ಯೋಚಿಸಲಿಲ್ಲ. ಯೋಚನೆಯೆಲ್ಲ ಒಂದರ ಬಗ್ಗೆಯೇ. ಹೊತ್ತು ಮುಳುಗುತ್ತಿದ್ದಂತೆ ಕೃಷ್ಣವ್ವ ಸೆರಗು ಕೊಡವಿ, "ಹೊಕ್ಕೇನ್ರಿ, ನಮ್ಮ ಬಾಳ್ಯಾ ಹಸದಿರತಾನ," ಎಂದು ಹೊರಡುತ್ತಿದ್ದಳು. ಹುಡುಗ ಬಾಗಿಲು ಹಿಡಿದು ಅಳುತ್ತಿದ್ದ. ಯಾರವನು ಬಾಳ್ಯಾ? ದಿನವೆಲ್ಲ ತನ್ನವಳಾಗಿದ್ದವಳನ್ನು ಸಂಜೆಗೆ ಕಸಿದುಕೊಳ್ಳುವವನು!

ಒಂದು ಸಮಾಧಾನವಿತ್ತು. ಆಗೀಗ ಹುಡುಗ ಹಟ ಹಿಡಿದಾಗ ಕೃಷ್ಣವ್ವ ಅವನನ್ನು ಜೋಳದ ಕಣಕಿ ಬಣವೆಯ ಹಿಂದೆ ಕರೆದೊಯ್ದು, ತನ್ನ ಬುತ್ತಿಯ ರೊಟ್ಟಿ ಮುರಿದು ಕೊಡುತ್ತಿದ್ದಳು. ತಾನು ಬೆನ್ನು ತಿರುಗಿಸಿ ನಿಂತು, "ಲಗೂ ತಿನ್ರಿ ಸಣ್ಣ ಸಾವಕಾರ್ರ," ಎನ್ನುತ್ತಿದ್ದಳು. ಅಂಥ ರೊಟ್ಟಿ ಅವನು ಮತ್ತೆಲ್ಲೂ ತಿನ್ನಲಿಲ್ಲ. ಆ ರೊಟ್ಟಿ ತನಗೂ ಅವಳಿಗೂ ನಡುವಿನ ಗುಟ್ಟು, ಬಾಳ್ಯಾನಿಗೆ ಗೊತ್ತಿಲ್ಲದ್ದು ಎಂದು ಮೂವತ್ತು ವರ್ಷ ಅದನ್ನು ಎದೆಯಲ್ಲಿ ಕಟ್ಟಿಟ್ಟುಕೊಂಡಿದ್ದ. ತನ್ನ ವರ್ಗ ಬಿಡುವುದಕ್ಕೆ ಮೊದಲ ಪಾಠ ಆ ರೊಟ್ಟಿಯೇ ಎಂದು ಅವನ ನಂಬಿಕೆ.

ಮರುವರ್ಷ ಹತ್ತಿ ಬಿಡಿಸುವ ಕಾಲಕ್ಕೆ ನಿಂಗರಾಜ ಬಂದು ಬಾಗಿಲಲ್ಲಿ ನಿಂತ. ಕೂಟದ ಹಳೆಯ ಹುಡುಗ, ಭಾನುವಾರದ ಚಹಾ ಕಾಸುತ್ತಿದ್ದವನು.

"ಸರ್, ಸಿಟ್ಟಾಗಬ್ಯಾಡ್ರಿ. ಇನ್ನ ಮುಂದ ಕೂಟಾನ ಬಾಳು ಸರ್ ನಡಸಲಿ ಅಂತ ಹುಡುಗೂರು ಅನ್ನಾಕ ಹತ್ಯಾರ." ತುಸು ತಡೆದು ಸೇರಿಸಿದ: "ನೀವೂ ಇರ್ರಿ ಮತ್ತ."

ನೀವೂ ಇರ್ರಿ! ತನ್ನ ಜಮಖಾನೆಯ ಮೇಲೆ ತಾನೂ ಇರಬೇಕಂತೆ! ಅಷ್ಟರಲ್ಲಿ ಮಹಾದೇವನ ತಲೆಯಲ್ಲಿ ಕೃಷ್ಣವ್ವ ಮಿಂಚಿದಳು.

"ಬರೂ ಐತವಾರ ಎಲ್ಲಾರೂ ಸಿರಸಂಗಿಗೆ ಹೋಗೂಣು," ಎಂದ. "ಬಾಳು ಸರ್ ತಮ್ಮ ತಾಯಿದ ಉದಾಹರಣಿ ಕೊಡ್ತಾರಲ್ಲಾ, ಆ ಕೃಷ್ಣವ್ವನ್ನ ಕೇಳೂಣು. ತಾನೂ ಲಗಮಪ್ಪನೂ ಒಂದ ವರ್ಗ ಹೌದೋ ಅಲ್ಲೋ ಅಂತ ಆಕೀನ ಹೇಳ್ಲಿ. ಆಮ್ಯಾಲ ಕೂಟಾ ಯಾರಿಗೆ ಬೇಕ ಅವರಿಗೆ ಕೊಡ್ರಿ." ಅವಳು ತನ್ನ ಮಾತನ್ನೇ ಎತ್ತಿಹಿಡಿಯುತ್ತಾಳೆ ಎಂಬುದರಲ್ಲಿ ಅವನಿಗೆ ಅನುಮಾನವಿರಲಿಲ್ಲ. ತನ್ನನ್ನು ಎತ್ತಿ ಆಡಿಸಿದವಳಲ್ಲವೇ. ಬಾಳುವಿನ ಕಣ್ಣೆದುರೇ ಅವಳು ತನ್ನ ಕಡೆಗಾಗಬೇಕು. ಕೂಟಕ್ಕಿಂತ ಹೆಚ್ಚಾಗಿ ಅವನಿಗೆ ಬೇಕಾಗಿದ್ದುದು ಅದು.

ಬಾಳು ಈ ಮಾತು ಕೇಳಿ ಮೊದಲ ಸಲ ಮುಖ ಬಿಗಿದ. "ನಮ್ಮವ್ವನ್ನ ಪರೀಕ್ಷಾಕ್ಕ ಕುಂದ್ರಸೂದು ಬ್ಯಾಡ್ರಿ ಸರ್. ಊಟಕ್ಕ ಬರ್ರಿ. ಎಲ್ಲಾರೂ ಬರ್ರಿ."

ಭಾನುವಾರ ಒಂದು ಬಾಡಿಗೆ ಟ್ರ್ಯಾಕ್ಸ್ ಜೀಪು ಮಾಡಿಕೊಂಡು ಹೊರಟರು. ಮುರಗೋಡದಲ್ಲಿ ಚಹಾ ಕುಡಿದರು. ಮಹಾದೇವ ಉತ್ಸಾಹದಿಂದ ಎಲ್ಲರಿಗೂ ಮಿರ್ಚಿಭಜಿ ಕೊಡಿಸಿದ. ಸಿರಸಂಗಿ ಬಂತು. ನಿಂಗರಾಜ, "ಸರ್, ಮೊದಲ ನಿಮ್ಮ ಮನಿಗೆ?" ಎಂದ. "ಬ್ಯಾಡ ಬ್ಯಾಡ, ಅಲ್ಲಿ ಹೋದ್ರ ನಮ್ಮವ್ವ ಬಿಡಂಗಿಲ್ಲ, ಹೊತ್ತಾಕ್ಕೈತಿ," ಎಂದು ಮಹಾದೇವ ಡ್ರೈವರನಿಗೆ ಹೊಲದ ಬದಿಯ ಹಾದಿ ತೋರಿಸಿದ. ತಾನು ಊರಿಗೆ ಬರುವ ಸುದ್ದಿಯನ್ನೇ ಅವನು ರಾಚವ್ವನಿಗೆ ಹೇಳಿರಲಿಲ್ಲ.

ಕೃಷ್ಣವ್ವನ ಮನೆ ತಗಡಿನ ಮಾಡಿನದು, ಸಗಣಿ ಸಾರಿಸಿದ ಅಂಗಳ. ಮುದುಕಿಯಾಗಿದ್ದಳು, ಆದರೆ ನಡಿಗೆ ಇನ್ನೂ ಚುರುಕು. ಮಹಾದೇವನನ್ನು ಕಂಡದ್ದೇ ಗಾಬರಿಬಿದ್ದು ಮಗ್ಗುಲ ಮನೆಯಿಂದ ಕುರ್ಚಿ ಇಸಿದುಕೊಂಡು ಬಂದು, ಸೆರಗಿನಿಂದ ಒರೆಸಿ, ಅಂಗಳದ ಬೇವಿನ ಗಿಡದ ಕೆಳಗೆ ಹಾಕಿದಳು.

"ಕುಂದರ್ರಿ ಸಣ್ಣ ಸಾವಕಾರ್ರ. ಅಂಗಡಿಗೆ ಸೋಡಾಕ್ಕ ಹೇಳಿ ಕಳಿಸೇನಿ. ಬಾಳಿಹಣ್ಣೂ ತರಿಸೇನಿ."

ಬಾಳು ಚಪ್ಪಲಿ ಬಿಟ್ಟು ಸೀದಾ ಒಳಗೆ ಹೋದ. ಅವನ ಹಿಂದೆ ಶಿವಾನಿ, ಅವಳ ಹಿಂದೆ ನಿಂಗರಾಜ, ಆಮೇಲೆ ಉಳಿದವರೂ ಒಬ್ಬೊಬ್ಬರಾಗಿ ಹೊಸ್ತಿಲು ದಾಟಿದರು. ತೆರೆದ ಬಾಗಿಲಿನಿಂದ ಮಹಾದೇವನಿಗೆ ಎಲ್ಲ ಕಾಣುತ್ತಿತ್ತು. ಒಲೆಯ ಮುಂದೆ ಗುಂಡಗೆ ಕೂತ ಹುಡುಗರು, ಬುಟ್ಟಿಗೆ ತಾನೇ ಕೈ ಹಾಕಿ ರೊಟ್ಟಿ ತೆಗೆದು ಹಂಚುವ ಬಾಳು, ಬದನೆಕಾಯಿ ಪಲ್ಯದ ಘಮ. ಇವನ ಕೈಗೆ ಗೋಲಿ ಸೋಡಾ ಬಂತು, ಮಡಿಲಿಗೆ ಸಿಪ್ಪೆ ಸುಲಿಯದ ಬಾಳೆಹಣ್ಣು. ಬಾಟಲಿಯಲ್ಲಿದ್ದದ್ದು, ಸಿಪ್ಪೆಯೊಳಗಿದ್ದದ್ದು, ಯಾರ ಕೈಯೂ ತಾಗದ್ದು. ಇಂಥ ಮನೆಯವರು ಇಂಥ ಅತಿಥಿಗೆ ಇದನ್ನೇ ಕೊಡುವುದು ಎಂದು ಎಲ್ಲರಿಗೂ ಗೊತ್ತು. ಮಹಾದೇವನಿಗೂ ಗೊತ್ತಿತ್ತು.

ಆದರೂ ಅವನು ಕೆಮ್ಮಿ, ಒಳಗಿನವರಿಗೆ ಕೇಳಿಸುವಂತೆ ಕೇಳಿದ. "ಕೃಷ್ಣವ್ವಾ, ನೀನೂ ಲಗಮಪ್ಪನೂ ಒಂದ ಹೌದಲ್ಲೋ?"

"ಹೌದ್ರಿ ಸಾವಕಾರ್ರ."

"ಜಾತಿ ಬ್ಯಾರೆ ಇದ್ರೂ ಕೂಲಿ ಒಂದ, ಕಷ್ಟ ಒಂದ. ಅಲ್ಲೇನು?"

"ಹೌದ್ರಿ. ನೀವ ಹೆಂಗ ಅಂತೀರಿ ಹಂಗರಿ."

ಗೆದ್ದ. ಆದರೆ ಗೆದ್ದ ಹಾಗೆ ಅನ್ನಿಸಲಿಲ್ಲ. ಅಷ್ಟರಲ್ಲಿ ಒಳಗಿನಿಂದ ಬಾಳು, "ಯವ್ವಾ, ಪಲ್ಲೇಕ್ಕ ಉಪ್ಪ ಕಡಿಮಿ ಆಗೇತಿ," ಎಂದ. ಕೃಷ್ಣವ್ವ ಅತ್ತ ತಿರುಗಿ ಸೊಂಟದ ಮೇಲೆ ಕೈಯಿಟ್ಟಳು. "ಏನಲೇ ಬಾಳ್ಯಾ, ಪಗಾರ ಬರಾಕ ಹತ್ತಿಂದ ನಾಲಿಗಿ ಉದ್ದ ಆತೇನ? ಉಪ್ಪ ಬರೋಬರಿ ಐತಿ, ಮುಚಗೊಂಡ ತಿನ್ನ!" ಹುಡುಗರು ಗೊಳ್ಳೆಂದು ನಕ್ಕರು. ಬಾಳುವೂ ನಕ್ಕ.

ತನಗೆ ಎಲ್ಲದಕ್ಕೂ ಹೌದ್ರಿ. ಅವನಿಗೆ ಬೈಗಳು! ತನ್ನನ್ನು ಅವಳು ಒಂದು ದಿನವಾದರೂ ಬೈದದ್ದುಂಟೇ? ಮಹಾದೇವ ಸೋಡಾ ಬಾಟಲಿಯನ್ನು ನೆಲಕ್ಕಿಟ್ಟ. ನಲವತ್ತು ಎಕರೆಯ ಒಡೆಯ ಆ ಬೈಗಳಿಗಾಗಿ ಹೊಟ್ಟೆ ಉರಿಸಿಕೊಂಡು ಕೂತಿದ್ದ. ಕೂತಲ್ಲಿಂದ ಎದ್ದು ಬಾಗಿಲ ಬಳಿ ಬಂದ.

"ನನಗೂ ಒಂದ ರೊಟ್ಟಿ ಕೊಡಬೇ ಕೃಷ್ಣವ್ವಾ."

ಅವಳು ಎದೆಯ ಮೇಲೆ ಕೈಯಿಟ್ಟುಕೊಂಡಳು. "ಅಯ್ಯ, ಬ್ಯಾಡ್ರಿ! ದೊಡ್ಡ ಅವ್ವಾರಿಗೆ ಗೊತ್ತಾದ್ರ?"

"ಅವ್ವಗ ಯಾರ ಹೇಳ್ತಾರ?" ಎಂದ ಮಹಾದೇವ.

ಬಾಯಿಂದ ಬಿದ್ದಮೇಲೆ ಅವನಿಗೆ ತಿಳಿಯಿತು. ಗೊತ್ತಾಗಲಿ ಎನ್ನಬೇಕಿತ್ತು. ಗೊತ್ತಾದರೇನಂತೆ ಎನ್ನಬೇಕಿತ್ತು. ಪ್ರತಿ ಭಾನುವಾರ ಗೋಡೆ ಬೀಳಿಸುತ್ತಿದ್ದ ಮನುಷ್ಯ ಸುಣ್ಣ ಉದುರೀತೆಂದು ಹೆದರಿ ನಿಂತಿದ್ದ. ಊರಿಗೆಲ್ಲ ಶಕುನ ಹೇಳುವ ಹಲ್ಲಿ ಬಾನಿಯಲ್ಲಿ ಬಿತ್ತು, ನೋಡಿ.

ಯಾರೂ ನಗಲಿಲ್ಲ. ಶಿವಾನಿ ತಲೆ ತಗ್ಗಿಸಿದಳು. ನಿಂಗರಾಜ ತಾಟಿನಲ್ಲಿದ್ದ ಚಟ್ನಿಯನ್ನು ಬೆರಳಿನಿಂದ ಸುಮ್ಮನೆ ಸವರುತ್ತ ಕೂತ. ಬಾಳು ಇನ್ನೊಂದು ರೊಟ್ಟಿ ತೆಗೆದು ತನ್ನ ಮಗ್ಗುಲಲ್ಲಿ ಜಾಗ ಮಾಡಿ, "ಒಳಗ ಬರ್ರಿ ಸರ್," ಎಂದ. ಮೆಲುದನಿಯಲ್ಲಿ, ಚುಚ್ಚದೆ ಹೇಳಿದ. ಕೂಟ ಯಾರದೆಂಬುದು ಅಲ್ಲಿಗೆ ತೀರ್ಮಾನವಾಯಿತು. ಕೈ ಎತ್ತಿ ಹೇಳುವ ಅಗತ್ಯವೇ ಬೀಳಲಿಲ್ಲ.

ಒಂದು ಹೆಜ್ಜೆ ಇಟ್ಟಿದ್ದರೆ ಒಳಗಿರುತ್ತಿದ್ದ. ಹೊಸ್ತಿಲೇನು ಬೆಟ್ಟವೇ? ಆದರೆ ಓಣಿಯ ತುದಿಯಲ್ಲಿ ಮಹಾದೇವನ ಮನೆಯ ಇಬ್ಬರು ಆಳುಗಳು ನಿಂತು ಇತ್ತಲೇ ನೋಡುತ್ತಿದ್ದರು. ಅವನ ಕಾಲು ಏಳಲಿಲ್ಲ. ಅವನ ಮುಖ ನೋಡಿ ಕೃಷ್ಣವ್ವನಿಗೆ ಕರುಳು ಚುರುಕ್ಕೆಂದಿರಬೇಕು. ಹತ್ತಿರ ಬಂದು ಪಿಸುಗುಟ್ಟಿದಳು. "ಹಿತ್ತಲಕಡೆ ಬರ್ರಿ, ಆಡಿನ ಕೊಟಗಿ ಕಡೆ. ತರತೇನಿ."

ಹೋಗಬಾರದಿತ್ತು. ಇಷ್ಟಾದಮೇಲೆ ಮಾನವುಳ್ಳವನು ಟ್ರ್ಯಾಕ್ಸಿನಲ್ಲಿ ಹೋಗಿ ಕೂರುತ್ತಿದ್ದ. ಮಹಾದೇವ ಹೋದ. ಮೂವತ್ತೈದರ ಗಡ್ಡದ ಮನುಷ್ಯ, ಆಡಿನ ಹಿಕ್ಕೆ ತುಳಿದುಕೊಂಡು ಹಿತ್ತಲಿಗೆ ಹೋಗಿ ಗೋಡೆಗೆ ಆತು ನಿಂತ.

ಕೃಷ್ಣವ್ವ ಸೆರಗಿನ ಮರೆಯಿಂದ ರೊಟ್ಟಿ ತೆಗೆದಳು, ಮೇಲೆ ಬದನೆಕಾಯಿ ಪಲ್ಯ. ಆಮೇಲೆ ಬೆನ್ನು ತಿರುಗಿಸಿ ಮೂಲೆಗೆ ನಿಂತು ಓಣಿಯ ಕಡೆ ಕಣ್ಣು ನೆಟ್ಟಳು. ಬಣವೆಯ ಹಿಂದೆಯೂ ಹೀಗೆಯೇ ನಿಲ್ಲುತ್ತಿದ್ದಳು. ತಾನು ಸುಖವಾಗಿ ತಿನ್ನಲೆಂದು ಆಚೆ ತಿರುಗುತ್ತಾಳೆ ಎಂದು ಮಹಾದೇವ ತಿಳಿದಿದ್ದ. ಈಗ ಅವಳ ಹೆಗಲು ನೋಡಿದ. ಹೆಗಲು ಬಿಗಿದುಕೊಂಡು, ಕುತ್ತಿಗೆ ಮುಂದೆ ಚಾಚಿತ್ತು. ಯಾರಾದರೂ ಬಂದಾರೆಂದು ಕಾಯುತ್ತಿದ್ದಳು. ಆಗಲೂ ಕಾಯುತ್ತಿದ್ದುದು ಇದಕ್ಕೇ. ಅವನು ಎದೆಯಲ್ಲಿ ಕಟ್ಟಿಟ್ಟುಕೊಂಡಿದ್ದ ಆ ಒಂದೊಂದು ತುಂಡು ರೊಟ್ಟಿಯೂ ಅವಳ ಅಂಜಿಕೆಯಲ್ಲಿ ಮುರಿದದ್ದು.

"ಲಗೂ ತಿನ್ರಿ ಸಣ್ಣ ಸಾವಕಾರ್ರ," ಎಂದಳು, ತಿರುಗಿ ನೋಡದೆ, ದನಿ ತಗ್ಗಿಸಿ.

ಒಳಗೆ ಬಾಳುವಿಗೆ ತುತ್ತು ನೆತ್ತಿಗೇರಿ ಕೆಮ್ಮು ಬಂತು. ಕೃಷ್ಣವ್ವ ನಿಂತಲ್ಲಿಂದಲೇ ಓಣಿಗೆಲ್ಲ ಕೇಳುವಂತೆ ಕೂಗಿದಳು.

"ಸಾವಕಾಶ ತಿನ್ನಲೇ ಬಾಳ್ಯಾ! ಯಾರರ ಕಸಗೊಳ್ಳಾಕ ಬಂದಾರೇನ?"

ಮಹಾದೇವ ಬಾಯಲ್ಲಿದ್ದುದನ್ನು ಅಗಿಯದೆ ನುಂಗಿದ. ರೊಟ್ಟಿಯ ರುಚಿ ಹಿಂದಿನದೇ ಇತ್ತು. ಉಳಿದರ್ಧವನ್ನೂ ಅವನು ಲಗುಬಗೆಯಿಂದ ತಿಂದು ಮುಗಿಸಿದ.