ಹಿಮ್ಮೇಳದ ಹೊತ್ತು

ಹಾರ್ಮೋನಿಯಂ ನುಡಿಸಿಕೊಂಡಿದ್ದ ಬಾಗಲಗುಂಟೆಯ ಆಂಜಿನಪ್ಪ ಕ್ಯಾಮೆರಾ ಹಿಡಿದಾಗ ಊರವರು ನಕ್ಕಿದ್ದೇ ನಕ್ಕಿದ್ದು. ಹತ್ತು ವರ್ಷದಲ್ಲಿ ಅವನು ಮಠ, ದರ್ಗಾ, ಚರ್ಚು ಎನ್ನದೆ ಭಕ್ತರ ಮೇಲೆ ಏಳು ಸಾಕ್ಷ್ಯಚಿತ್ರ ತೆಗೆದ ಮೇಲೆ ಆ ಬಾಯಿಗಳು ತಾವಾಗಿ ಮುಚ್ಚಿದವು. ತಾಳ ಬಲ್ಲವನು, ಫಿಲಂ ಎಲ್ಲಿ ಕತ್ತರಿಸಬೇಕೆಂದು ಅವನ ಬೆರಳಿಗೇ ಗೊತ್ತು ಎನ್ನುತ್ತಿದ್ದರು. ಅವನೂ ಅದನ್ನು ನಂಬಿ ಬೀಗಿದ್ದ, ಪಾಪ.

ಸಾವಿರದ ಒಂಬೈನೂರ ಎಂಬತ್ನಾಲ್ಕರಲ್ಲಿ ಅವನ ತಾಯಿ ಪಿಳ್ಳಮ್ಮನ ಗಂಟಲಲ್ಲಿ ಗೆಡ್ಡೆ ಕಾಣಿಸಿತು. ಆಪರೇಷನ್ ಆದರೆ ದನಿ ಉಳಿಯುವುದಿಲ್ಲ ಎಂದರು ಡಾಕ್ಟರು. ನಲವತ್ತು ವರ್ಷ ಭಜನೆ ಮನೆಯಲ್ಲಿ ತತ್ವಪದ ಹೇಳಿದ ದನಿ! ಊರೂರಿನ ಭಕ್ತರನ್ನೆಲ್ಲ ಫಿಲಂಗೆ ಹಿಡಿದವನು ಹೆತ್ತವಳನ್ನೇ ಮರೆತಿದ್ದ. ಕೈಲಿದ್ದದ್ದು ಹನ್ನೊಂದು ನಿಮಿಷ ಓಡುವ ಒಂದೇ ಖಾಲಿ ರೀಲು.

ಪೀಣ್ಯದ ಫ್ಯಾಕ್ಟರಿಗಳ ಸದ್ದಿಲ್ಲದ ಭಾನುವಾರ ಭಜನೆ ಮನೆಯಲ್ಲಿ ಕ್ಯಾಮೆರಾ ಇಟ್ಟ. ಪಿಳ್ಳಮ್ಮ ಒಂದು ಸಾಲು ಹೇಳಿದರೆ ಉಳಿದವರು ಅದನ್ನೇ ತಿರುಗಿ ಹೇಳುವುದು ಅಲ್ಲಿಯ ವಾಡಿಕೆ. ಅವಳ ದನಿಯ ಮೇಲೆ ಬೇರೆ ದನಿ ಬೀಳಬಾರದೆಂದು ಆಂಜಿನಪ್ಪ ಎಲ್ಲರಿಗೂ ಕೈಮುಗಿದ. "ಇವತ್ತೊಂದಿನ ಯಾರೂ ತುಟಿ ಬಿಚ್ಬೇಡ್ರಕ್ಕ."

"ಇಮ್ಮೇಳ ಇಲ್ದೆ ಪದ ದೇವ್ರಿಗೆ ಮುಟ್ಟಾಕಿಲ್ಲ ಕಣಪ್ಪ," ಎಂದಳು ಮುನಿಯಕ್ಕ, ಪಿಳ್ಳಮ್ಮನ ಪಕ್ಕದಲ್ಲೇ ಕೂತು ಮುದುಕಿಯಾದವಳು. ಅವನು ಕೇಳಲಿಲ್ಲ.

ಪಿಳ್ಳಮ್ಮ ಒಂದು ಸಾಲು ಹೇಳಿ ನಿಂತಳು. ತೊಡೆಯ ಮೇಲೆ ತಾಳ ಹಾಕುತ್ತ, ಹಿಮ್ಮೇಳದ ಹೊತ್ತನ್ನು ಪೂರಾ ಬಿಟ್ಟು, ಆಮೇಲೇ ಮುಂದಿನ ಸಾಲು ಎತ್ತಿದಳು. ಪ್ರತಿ ಸಾಲಿಗೂ ಹಾಗೇ. ನಿಲ್ಲಿಸದೆ ಹಾಡು ಎಂದು ಮಗ ಸನ್ನೆ ಮಾಡಿದರೆ, ಕಣ್ಣು ಮುಚ್ಚಿದ್ದವಳಿಗೆ ಕಾಣಬೇಕಲ್ಲ! ಅರ್ಧ ರೀಲು ಮೌನಕ್ಕೇ ಹೋಯಿತು.

ಆಪರೇಷನ್ ಆಯಿತು. ಪಿಳ್ಳಮ್ಮ ಉಳಿದಳು, ದನಿ ಹೋಯಿತು. ಮೌನವನ್ನೆಲ್ಲ ಕತ್ತರಿಸಿ ಹಾಕಿ ತೋರಿಸುತ್ತೇನೆ ಎಂದು ಮಗ ಎಷ್ಟು ಹೇಳಿದರೂ ಅವಳು ಈಗಲೇ ತೋರಿಸು ಎಂದು ಕೈಸನ್ನೆಯಲ್ಲೇ ಹಟ ಹಿಡಿದಳು. ಭಜನೆ ಮನೆಯ ಕಿಟಕಿಗೆ ಕಂಬಳಿ ಕಟ್ಟಿ ಪ್ರೊಜೆಕ್ಟರ್ ಹಾಕಿದ.

ಗೋಡೆಯ ಮೇಲಿನ ಪಿಳ್ಳಮ್ಮ ಸಾಲು ಮುಗಿಸಿ ನಿಂತಳು. ಆಂಜಿನಪ್ಪ ತಲೆ ತಗ್ಗಿಸಿದ. ಅಷ್ಟರಲ್ಲಿ ಮುನಿಯಕ್ಕ ಆ ಸಾಲು ಎತ್ತಿಕೊಂಡಳು, ಮರುಗಳಿಗೆಗೇ ಕೂತವರೆಲ್ಲ ಸೇರಿದರು. ಇವರು ನಿಲ್ಲಿಸಿದ ಗಳಿಗೆಗೇ ಗೋಡೆಯಿಂದ ಮುಂದಿನ ಸಾಲು ಬಂತು. ಕೂದಲೆಳೆಯಷ್ಟೂ ಹೆಚ್ಚುಕಡಿಮೆಯಿಲ್ಲ. ಮತ್ತೆ ಇವರು, ಮತ್ತೆ ಅವಳು. ಆಂಜಿನಪ್ಪ ತಲೆ ಎತ್ತಿದ. ಇಂಥ ಅಳತೆ ಅವನ ಯಾವ ಕತ್ತರಿಗೂ ಸಿಕ್ಕಿರಲಿಲ್ಲ.

ತಾಯಿಯ ಕಡೆ ತಿರುಗಿದ. ಜೀವಮಾನವೆಲ್ಲ ಮುಂದೆ ಹೇಳಿದವಳು ಇಂದು ಹಿಮ್ಮೇಳದವರ ನಡುವೆ ಕೂತು, ದನಿಯಿಲ್ಲದ ತುಟಿ ಆಡಿಸುತ್ತ, ತನ್ನ ಸಾಲನ್ನು ತನಗೇ ತಿರುಗಿ ಹೇಳುತ್ತಿದ್ದಳು. ಆಂಜಿನಪ್ಪ ಅಳುತ್ತಲೇ ಅವರೊಂದಿಗೆ ದನಿಗೂಡಿಸಿದ.