ಗಾಳಿಯ ಚಿತ್ರಕ್ಕೆ ಅಂಗಳದ ಸಿಂಗಾರ

ಮಗಳು ನಾಗವೇಣಿ ಮುಂಬಯಿಯಿಂದ ಕಡಲತಡಿಯ ನಮ್ಮೂರು ಮಂಕಿಗೆ ಸಿನಿಮಾ ಕ್ಯಾಮೆರಾ ತಂದಿದ್ದಳು. ಗಾಳಿಯದೇ ಚಿತ್ರ ತೆಗೆಯಬೇಕಂತೆ. ಅದರಲ್ಲಿ ಕತೆಯಿಲ್ಲ; ಯಾವುದೋ ಕಾದಂಬರಿಯಿಂದ ಎರವಲು ತಂದ ಗಾಳಿಯ ವರ್ಣನೆಯನ್ನು ನಾನು ಓದಬೇಕು. ಉಳಿದಿದ್ದು ಒಂದೇ ರೀಲು.

ಚಿತ್ರದಲ್ಲಿ ಚೆಂದ ಕಾಣಲೆಂದು ನಾನೂ ನೆರೆಮನೆಯ ಬೆಳ್ಳಿಯೂ ಬೆಳಿಗ್ಗೆಯೇ ಅಂಗಳ ಗುಡಿಸಿ, ಹಗ್ಗದ ಮೇಲಿನ ಬಟ್ಟೆಗಳನ್ನು ಮಡಚಿಟ್ಟು, ಒಣಹಾಕಿದ್ದ ಮೀನುಬಲೆಗಳ ಮೇಲೆ ಕಲ್ಲು ಹೇರಿದೆವು.

ಕ್ಯಾಮೆರಾದೊಳಗೆ ಇಣುಕಿದ ನಾಗವೇಣಿಗೆ ಅಳುವೇ ಬಂತು. “ಅವ್ವಿ, ಇಷ್ಟು ಗಾಳಿ ಬೀಸ್ತದೆ, ಎಂತದೂ ಅಲ್ಲಾಡುದಿಲ್ಲ!”

“ಹಾರಬಾರ್ದು ಅಂತ್ಲೇ ಕಲ್ಲು ಇಟ್ಟದ್ದು ಮಾರಾಯ್ತಿ!” ಎಂದಳು ಬೆಳ್ಳಿ.

ನಾನು ಕಲ್ಲುಗಳನ್ನು ತೆಗೆದು, ಸೀರೆಗಳನ್ನೆಲ್ಲ ಮತ್ತೆ ಹಗ್ಗಕ್ಕೆ ಹಾಕಿ ಓದತೊಡಗಿದೆ. ಒಂದು ಸೀರೆ ಹಾರಿ ಬೆಳ್ಳಿಯ ತಲೆಯ ಮೇಲೆ ಬಿತ್ತು. ಅವಳು ಅದರೊಳಗಿಂದಲೇ ಗಾಳಿಯನ್ನು ಬಯ್ಯುತ್ತಿದ್ದಳು. ನಾಗವೇಣಿ ನಗುತ್ತ, ರೀಲು ಮುಗಿಯುವ ತನಕ ಕ್ಯಾಮೆರಾ ಇಳಿಸಲಿಲ್ಲ.